ಆ ಸಿನಿಮಾದಲ್ಲಿ ಕುರ್ಚಿ ಇತ್ತು

ಶುಗರ್ ಲ್ಯಾಂಡ್, ಹೂಸ್ಟನ್
೧೬ ಫೆಬ್ರವರಿ ೨೦೨೫

ಚಿ. ನಿರುಪಮಾ,

ನಿನ್ನೆ ಮಧ್ಯಾಹ್ನ ಒಬ್ಬನೇ ಹೋಗಿ ಹೊಸ ಮಲಯಾಳಂ ಸಿನಿಮಾ ನೋಡಿಕೊಂಡು ಬಂದೆ. ನಮ್ಮ ನಿಯಮ ನೆನಪಿದೆಯಲ್ಲ, ಸಿನಿಮಾದ ಬಗ್ಗೆ ಫೋನಿನಲ್ಲಿ ಮಾತಿಲ್ಲ, ಕಾಗದವೇ. ಫೋನಿನಲ್ಲಾದರೆ ನೀನು "ಸಖತ್ತಾಗಿದೆ ಮಾವ" ಎಂದು ಹೇಳಿ ತಪ್ಪಿಸಿಕೊಳ್ಳುತ್ತೀಯ. ಕಾಗದದಲ್ಲಿ ಯಾಕೆ ಸಖತ್ತಾಗಿದೆ ಎಂದು ಹೇಳಲೇಬೇಕಾಗುತ್ತದೆ. ನೀನು ಫ್ರಾಕ್ ಹಾಕುತ್ತಿದ್ದ ಕಾಲದಲ್ಲಿ ಮೈಸೂರಿನ ಫಿಲಂ ಸೊಸೈಟಿಗೆ ನಿನ್ನನ್ನು ಕರೆದುಕೊಂಡು ಹೋಗಿ ಕೂರಿಸಿದವನು ನಾನು. ಆ ಋಣ ತೀರಿಸು.

ಹೆಸರಿರಲಿ, ಇದನ್ನು ನಾವು ಬೀಡಿ ಸಿನಿಮಾ ಎಂದು ಕರೆಯೋಣ. ಕಣ್ಣೂರಿನ ಕಡೆಯ ಸಣ್ಣ ಊರು, ಅಲ್ಲೊಂದು ಬೀಡಿ ಸಹಕಾರ ಸಂಘ. ಎಲ್ಲರೂ ಸಾಲಾಗಿ ಕೂತು ಬೀಡಿ ಕಟ್ಟುತ್ತಾರೆ, ಒಬ್ಬ ಮಾತ್ರ ಗಟ್ಟಿಯಾಗಿ ಪೇಪರ್ ಓದುತ್ತಾನೆ. ಅವನ ಪಾಲಿನ ಬೀಡಿಯನ್ನು ಉಳಿದವರು ಕಟ್ಟಿಕೊಡುತ್ತಾರೆ. ಹೀಗೆ ಓದುವ ಮುದುಕನ ಮಗ ಗಲ್ಫಿನಲ್ಲಿದ್ದಾನೆ. ಸಂಘ ಮುಚ್ಚುವ ಹೊತ್ತಿಗೆ ಆ ಮಗ ತೀರಿಕೊಂಡ ಸುದ್ದಿ ಬರುತ್ತದೆ. ಅಷ್ಟೇ ಕಥೆ. ಆದರೆ ನೋಡು, ಆ ಜನರ ಮಾತು ಕಣ್ಣೂರಿನದೇ. ನಮ್ಮ ಆಸ್ಪತ್ರೆಯಲ್ಲಿ ನನ್ನ ಜೊತೆ ಕೆಲಸ ಮಾಡಿದ ಮಲಯಾಳಿ ನರ್ಸುಗಳು ಬಾಯಿ ಬಿಟ್ಟರೆ ಸಾಕು, ಕೋಟ್ಟಯಂ ಯಾರು, ತ್ರಿಶ್ಶೂರ್ ಯಾರು ಎಂದು ಹೇಳಿಬಿಡುತ್ತಿದ್ದೆ. ಅವರ ಸಿನಿಮಾಗಳೂ ಹಾಗೆಯೇ. ಊರನ್ನು ಬೋರ್ಡಿನಲ್ಲಿ ಬರೆದು ತೋರಿಸುವುದಿಲ್ಲ. ಜನ ಚಹಾ ಕೇಳುವ ರೀತಿಯಲ್ಲಿ, ಮುಂಡು ಎತ್ತಿ ಕಟ್ಟುವ ರೀತಿಯಲ್ಲಿ ತೋರಿಸುತ್ತಾರೆ.

ಇನ್ನೊಂದು ಮಾತು. ಬೇರೆಯವರು ಕಥೆ ಮುಂದೆ ಓಡಲಿ ಎಂದು ಎಲ್ಲಿ ಕತ್ತರಿಸುತ್ತಾರೋ, ಇವರು ಸರಿಯಾಗಿ ಅಲ್ಲೇ ಕ್ಯಾಮರಾ ಇಟ್ಟು ಕೂರುತ್ತಾರೆ. ಈ ಸಿನಿಮಾದ ಜೀವ ಅಂಥ ಒಂದು ದೃಶ್ಯದಲ್ಲಿದೆ. ಯಾವುದೆಂದು ಹೇಳುವುದಿಲ್ಲ. ನಿಮ್ಮ ಕನ್ನಡ ಸಂಘದಲ್ಲಿ ಮುಂದಿನ ತಿಂಗಳು ಹಾಕುತ್ತಾರಂತಲ್ಲ, ನೋಡಿ ನೀನೇ ಬರಿ.

ನಿನ್ನತ್ತೆ ಸುಚೇತಾ ಇದ್ದಿದ್ದರೆ ದಾರಿಯುದ್ದಕ್ಕೂ ಅದನ್ನೇ ಮಾತಾಡುತ್ತಿದ್ದಳು. ಅವಳಿಲ್ಲದೆ ನೋಡುವ ಎಲ್ಲ ಸಿನಿಮಾವೂ ಸ್ವಲ್ಪ ಉದ್ದವೇ.

ನಿನ್ನ ಮಾವ,
ಪ್ರಹ್ಲಾದ


ಪ್ಲೇನೋ
೨೪ ಮಾರ್ಚ್ ೨೦೨೫

ಪ್ರೀತಿಯ ಮಾವ,

ಬೀಡಿ ಸಿನಿಮಾ ನೋಡಿದೆ. ಸಂಘದವರು ಶನಿವಾರ ಕಮ್ಯುನಿಟಿ ಹಾಲಿನಲ್ಲಿ ಹಾಕಿದ್ದರು. ಸಿನಿಮಾ, ಆಮೇಲೆ ತಂಬೋಲ ಆಟ, ಆಮೇಲೆ ಬಿಸಿಬೇಳೆಬಾತು. ಈ ಬಾರಿ ಹಾಲ್ ತುಂಬಿತ್ತು. ಮಲಯಾಳಂ ಸಿನಿಮಾ ಎಂದರೆ ನಮ್ಮವರೂ ಈಗ ಮಕ್ಕಳನ್ನು ಎಳೆದುಕೊಂಡು ಬರುತ್ತಾರೆ.

ಪೇಪರ್ ಓದುವ ಆ ತಾತ ನನಗೆ ಇನ್ನೂ ಕಣ್ಣಿಗೆ ಕಟ್ಟಿದಂತಿದ್ದಾರೆ. ಸಂಘ ಮುಚ್ಚುವ ದಿನ ತಮ್ಮದೇ ಸಂಘ ಮುಚ್ಚಿದ ಸುದ್ದಿಯನ್ನು ಅವರೇ ಓದಬೇಕಾಗುತ್ತದಲ್ಲ, ದನಿ ಒಂದಿಷ್ಟೂ ಬದಲಾಗುವುದಿಲ್ಲ. ಎಲೆ ಕತ್ತರಿಸುವ ಕತ್ತರಿಗಳು ಮಾತ್ರ ಒಂದೊಂದಾಗಿ ನಿಲ್ಲುತ್ತವೆ. ಪಕ್ಕದೂರು ಫಾರ್ಮರ್ಸ್ ಬ್ರಾಂಚಿನಲ್ಲಿರುವ ನಮ್ಮ ಆಫೀಸಿನಲ್ಲಿ ಕಳೆದ ವರ್ಷ ಇಡೀ ಟೀಮನ್ನು ತೆಗೆದಾಗ ಕೀಬೋರ್ಡುಗಳು ಹೀಗೆಯೇ ನಿಂತಿದ್ದವು. ಎಲ್ಲಿಯ ಕಣ್ಣೂರು, ಎಲ್ಲಿಯ ನಮ್ಮ ಆಫೀಸಿನೆದುರಿನ ಎಲ್‌ಬಿಜೆ ಫ್ರೀವೇ. ಅವರು ತಮ್ಮ ಊರನ್ನು ಅಷ್ಟು ಸರಿಯಾಗಿ ತೋರಿಸಿದ್ದಕ್ಕೇ ನನಗೆ ನನ್ನ ಆಫೀಸು ಕಂಡಿತು.

ನೀವು ಹೇಳಿದ ಜೀವದ ದೃಶ್ಯವನ್ನು ಹುಡುಕಿದೆ. ಬಹುಶಃ ನನಗೆ ಸಿಕ್ಕಿದೆ. ಮಗ ಸತ್ತ ಸುದ್ದಿಯ ಫೋನು ಬರುತ್ತದೆ, ತಾಯಿ ಮಾಧವಿ ಫೋನ್ ಕೆಳಗಿಡುತ್ತಾಳೆ, ಮರುಕ್ಷಣವೇ ಮಗನ ದೇಹ ಹೊತ್ತ ಆಂಬುಲೆನ್ಸ್ ಬಂದು ಗೇಟಿನ ಮುಂದೆ ನಿಲ್ಲುತ್ತದೆ. ನಡುವಿನ ಅಳು, ಗೋಳು, ಕಾಯುವುದು ಯಾವುದೂ ಇಲ್ಲ. ಆ ಸಂಯಮ ನೋಡಿ ದಂಗಾದೆ ಮಾವ. ಬೇರೆ ಯಾರಾದರೂ ಆಗಿದ್ದರೆ ಅಲ್ಲಿ ಒಂದು ಹಾಡು ಹಾಕುತ್ತಿದ್ದರು.

ಸರಿಯಾಗಿ ಹಿಡಿದೆನಾ?

ನಿಮ್ಮ
ನಿರುಪಮಾ


ಶುಗರ್ ಲ್ಯಾಂಡ್
೩೧ ಮಾರ್ಚ್ ೨೦೨೫

ಚಿ. ನಿರುಪಮಾ,

ಕತ್ತರಿಗಳು ನಿಲ್ಲುವುದನ್ನು ನಾನು ಗಮನಿಸಿರಲಿಲ್ಲ. ನೂರಕ್ಕೆ ನೂರು. ಆದರೆ ಮುಂದಿನದಕ್ಕೆ ಸೊನ್ನೆ. ನೀನು ಹೇಳುವ ಸಂಯಮ ಯಾವುದು? ಫೋನಿಗೂ ಆಂಬುಲೆನ್ಸಿಗೂ ನಡುವೆ ಕುರ್ಚಿಗಳ ದೃಶ್ಯ ಇದೆಯಲ್ಲ. ಅದೇ ಸಿನಿಮಾ. ಪಾಪ್‌ಕಾರ್ನ್ ತರಲು ಎದ್ದು ಹೋಗಿದ್ದೆಯಾ?

ಬೆಳಗಿನ ಹೊತ್ತು. ಕ್ಲಬ್ಬಿನ ಹುಡುಗರು ಗೂಡ್ಸ್ ಆಟೋದಲ್ಲಿ ಪ್ಲಾಸ್ಟಿಕ್ ಕುರ್ಚಿಗಳನ್ನು ತರುತ್ತಾರೆ. ಒಂದರೊಳಗೊಂದು ಕಚ್ಚಿಕೊಂಡಿರುತ್ತವೆ. ಒಬ್ಬ ಕಾಲಿನಿಂದ ಒತ್ತಿ ಹಿಡಿಯುತ್ತಾನೆ, ಇನ್ನೊಬ್ಬ ಎಳೆಯುತ್ತಾನೆ. ಸಾವಿನ ಮನೆ, ಆದ್ದರಿಂದ ಮೆಲ್ಲಗೆ ಎಳೆಯಬೇಕು. ಅಂಗಳಕ್ಕೆ ಟಾರ್ಪಾಲು ಕಟ್ಟುತ್ತಾರೆ. ಒಲೆ ಹಚ್ಚುವಂತಿಲ್ಲ, ಪಕ್ಕದ ಮೊಯ್ದೀನನ ಮನೆಯಿಂದ ದೊಡ್ಡ ಕೆಟಲಿನಲ್ಲಿ ಕಪ್ಪು ಚಹಾ ಬರುತ್ತದೆ. ಜನ ಬಂದು ಕೂರುತ್ತಾರೆ.

ಕಣ್ಣನ್ ಮಾತ್ರ ಗೋಡೆಯ ಬದಿಗೆ ನಿಂತಿರುತ್ತಾನೆ. ಅವನು ದಲಿತ. ಬೀಡಿ ಸಂಘದಲ್ಲಿ ಮಾಧವಿಯ ಗಂಡನ ಪಕ್ಕದಲ್ಲೇ ಒಂದೇ ಬೆಂಚಿನ ಮೇಲೆ ವರ್ಷಗಟ್ಟಲೆ ಕೂತವನು. ಆದರೆ ಈ ಅಂಗಳದಲ್ಲಿ ಅವನು ಯಾವತ್ತೂ ಕೂತಿಲ್ಲ ಎಂದು ಅವನು ನಿಂತಿರುವ ಭಂಗಿಯಲ್ಲೇ ನಮಗೆ ಗೊತ್ತಾಗುತ್ತದೆ. ಮಾಧವಿ ಎದ್ದು ಬಂದು ಅವನ ಹಿಂದೆ ಒಂದು ಕುರ್ಚಿ ಇಡುತ್ತಾಳೆ. ಅವನು ಕೂರುವುದಿಲ್ಲ. ಅವಳು ಹೋಗುವುದಿಲ್ಲ. ಕುರ್ಚಿಯ ಬೆನ್ನು ಹಿಡಿದು ಅವಳು ನಿಂತೇ ಇರುತ್ತಾಳೆ. ಅಂಗಳದವರೆಲ್ಲ ಬೇರೆಲ್ಲೋ ನೋಡುತ್ತಾರೆ. ಕೊನೆಗೆ ಅವನು ಕೂರುತ್ತಾನೆ. ಆಗ ದೂರದಲ್ಲಿ ಆಂಬುಲೆನ್ಸಿನ ಸದ್ದು.

ಭಾಷಣವಿಲ್ಲ, ಹಿನ್ನೆಲೆ ಸಂಗೀತವಿಲ್ಲ. ತಮ್ಮ ಊರಿನ ಒಳ್ಳೆಯದನ್ನೂ ಕೆಟ್ಟದ್ದನ್ನೂ ಒಂದೇ ಅಂಗಳದಲ್ಲಿ ಹೀಗೆ ಇಟ್ಟು ತೋರಿಸಲು ಎದೆಗಾರಿಕೆ ಬೇಕು. ನಾನು ಆ ನಿರ್ದೇಶಕನಿಗೆ ಕೂತಲ್ಲೇ ಕೈ ಮುಗಿದೆ. ಇದನ್ನು ನೀನು ಹೇಗೆ ಮರೆತೆ?

ಮಾವ


ಪ್ಲೇನೋ
೧೪ ಏಪ್ರಿಲ್ ೨೦೨೫

ಪ್ರೀತಿಯ ಮಾವ,

ಉತ್ತರ ತಡವಾಯಿತು, ಬೇಸರ ಮಾಡಿಕೊಳ್ಳಬೇಡಿ. ಆಫೀಸಿನಲ್ಲಿ ಸಾಫ್ಟ್‌ವೇರ್ ರಿಲೀಸ್ ಇತ್ತು.

ಕುರ್ಚಿಯ ದೃಶ್ಯ ಈಗ ನೆನಪಾಯಿತು. ಹೌದು, ತುಂಬಾ ಚೆನ್ನಾಗಿತ್ತು. ಕೊನೆಗೆ ಕಣ್ಣನ್ ಕಣ್ಣೀರು ಹಾಕಿ ಮಾಧವಿಗೆ ಕೈ ಮುಗಿಯುತ್ತಾನಲ್ಲ, ಆಗ ನನಗೂ ಅಳು ಬಂತು. ನಮ್ಮ ಮನೆಯವರೂ ಅದನ್ನೇ ಹೇಳುತ್ತಿದ್ದರು.

ಮಾವ, ರಾತ್ರಿ ನಿದ್ದೆ ಸರಿಯಾಗಿ ಬರುತ್ತಿದೆಯಾ? ಬಿಪಿ ಮಾತ್ರೆ ಬದಲಾಯಿಸಿದ್ದಾರೆ ಎಂದಿದ್ದಿರಿ. ಫ್ರೀವೇ ಮೇಲೆ ಡ್ರೈವ್ ಮಾಡುವಾಗ ಸುಸ್ತು ಏನಾದರೂ ಅನಿಸುತ್ತದೆಯಾ? ಸುಮ್ಮನೆ ಕೇಳಿದೆ. ಜನವರಿಯಲ್ಲಿ ನನ್ನ ಹುಟ್ಟುಹಬ್ಬಕ್ಕೆ ಒಂದೇ ಶುಭಾಶಯವನ್ನು ಎರಡು ಸಲ ಕಳಿಸಿದ್ದಿರಿ, ನೆನಪಿದೆಯಾ? ಎರಡೂ ನನ್ನ ಹತ್ತಿರ ಜೋಪಾನವಾಗಿವೆ.

ಇಶಾ ಆಸ್ಟಿನ್ನಿನಿಂದ ಈ ತಿಂಗಳು ನಿಮ್ಮ ಹತ್ತಿರ ಬರುತ್ತಾಳಂತೆ. ಮಗಳ ಜೊತೆ ನಾಲ್ಕು ದಿನ ಆರಾಮಾಗಿರಿ.

ನಿಮ್ಮ
ನಿರುಪಮಾ


ಶುಗರ್ ಲ್ಯಾಂಡ್
೨೧ ಏಪ್ರಿಲ್ ೨೦೨೫

ನಿರುಪಮಾ,

ಕಣ್ಣನ್ ಕೈ ಮುಗಿಯುವುದಿಲ್ಲ. ಅಳುವುದೂ ಇಲ್ಲ. ಅವನು ಕೈ ಮುಗಿದಿದ್ದರೆ ಅದು ಬೇರೆಯೇ ಸಿನಿಮಾ ಆಗುತ್ತಿತ್ತು, ಮಾಧವಿ ದೇವಿಯಾಗುತ್ತಿದ್ದಳು, ನಾನು ಎದ್ದು ಬರುತ್ತಿದ್ದೆ.

ನೀನು ಆ ದೃಶ್ಯ ನೋಡಿಲ್ಲ. ನೋಡಿದೆ ಎಂದು ನನ್ನನ್ನು ಸಮಾಧಾನಪಡಿಸುತ್ತಿದ್ದೀಯ. ಮೂವತ್ತು ವರ್ಷ ಅರಿವಳಿಕೆ ಡಾಕ್ಟರಾಗಿದ್ದವನು ನಾನು. ಆಪರೇಷನ್ನಿಗೆ ಮುಂಚೆ ರೋಗಿಯ ಹತ್ತಿರ ಯಾವ ದನಿಯಲ್ಲಿ ಮಾತಾಡಬೇಕು ಎಂದು ನನಗೆ ಗೊತ್ತು. ನಿನ್ನ ಕಾಗದದಲ್ಲಿ ಆ ದನಿ ಇದೆ.

ನಿಜ ಹೇಳು. ನಿಮ್ಮ ಹಾಲಿನಲ್ಲಿ ಯಾರೂ ಅದನ್ನು ನೋಡಲಿಲ್ಲವೇ?

ಮಾವ


ಶುಗರ್ ಲ್ಯಾಂಡ್
೧೮ ಮೇ ೨೦೨೫

ಚಿ. ನಿರುಪಮಾ,

ನಿನ್ನಿಂದ ಉತ್ತರ ಬರಲಿಲ್ಲ. ಬಾರದಿದ್ದದ್ದೇ ಉತ್ತರ ಎಂದು ತಿಳಿದುಕೊಂಡೆ.

ಇಶಾ ಬಂದಿದ್ದಳು. "ಅಪ್ಪಾ, ಜಸ್ಟ್ ಒಂದು ಚೆಕಪ್, ಅಷ್ಟೇ" ಎಂದು ಡಾಕ್ಟರ ಹತ್ತಿರ ಕರೆದುಕೊಂಡು ಹೋದಳು. ಗಡಿಯಾರದ ಚಿತ್ರ ಬರೆಸಿದರು, ಐದು ಪದ ಹೇಳಿ ಸ್ವಲ್ಪ ಹೊತ್ತು ಬಿಟ್ಟು ಕೇಳಿದರು. ನಾಲ್ಕು ಹೇಳಿದೆ. ವಯಸ್ಸಿಗೆ ಪರವಾಗಿಲ್ಲ, ಆದರೆ ಗಮನ ಇರಲಿ ಎಂದರು. ಹೊರಗೆ ಬಂದ ಮೇಲೆ ಇಶಾ, "ನೀವು ಸಿನಿಮಾದಲ್ಲಿ ಇಲ್ಲದ್ದನ್ನ ನೋಡಿದ್ರಂತೆ, ನಿರು ಅಕ್ಕ ತುಂಬಾ ವರಿ ಮಾಡ್ಕೊಂಡಿದಾಳೆ" ಅಂದಳು. ನೀನು ಅವಳಿಗೆ ಹೇಳಿದ್ದೀಯ ಎಂದು ಹಾಗೆ ಗೊತ್ತಾಯಿತು. ನನಗೆ ಸಿಟ್ಟಿಲ್ಲ. ನಿನ್ನ ಜಾಗದಲ್ಲಿ ನಾನಿದ್ದರೂ ಹೇಳುತ್ತಿದ್ದೆ.

ಕಾರಿನ ಕೀ ನಾನೇ ಕೊಟ್ಟೆ. ಅವಳು ಕೇಳಲು ಒದ್ದಾಡುತ್ತಿದ್ದಳು, ನೋಡಲಾಗಲಿಲ್ಲ. ಕಾರನ್ನು ಅವಳೇ ಆಸ್ಟಿನ್ನಿಗೆ ಓಡಿಸಿಕೊಂಡು ಹೋದಳು. ಜೂನ್ ಕೊನೆಗೆ ಆಸ್ಟಿನ್ನಿಗೆ ಶಿಫ್ಟ್ ಆಗುವುದು ಎಂದು ತೀರ್ಮಾನವಾಗಿದೆ. ಈ ಮನೆ ಮಾರುತ್ತಾರೆ. ಸುಚೇತಾ ನೆಟ್ಟ ಕರಿಬೇವಿನ ಗಿಡವನ್ನು ಕುಂಡಕ್ಕೆ ಬದಲಾಯಿಸಬೇಕು, ಬದುಕುತ್ತದೋ ಇಲ್ಲವೋ.

ಇಲ್ಲಿ ನನ್ನ ಜೊತೆ ಕೆಲಸ ಮಾಡಿದ ನರ್ಸ್ ಒಬ್ಬರಿದ್ದಾರೆ, ಈ ಸಿನಿಮಾ ನೋಡಿದ್ದಾರೆ. ಒಂದು ಫೋನ್ ಮಾಡಿದರೆ ಸಾಕು, ಕುರ್ಚಿ ಇತ್ತೋ ಇಲ್ಲವೋ ಹೇಳುತ್ತಾರೆ. ಮೂರು ಸಲ ಫೋನ್ ಕೈಗೆತ್ತಿಕೊಂಡೆ. ಮಾಡಲಿಲ್ಲ. ಇಲ್ಲ ಎಂದುಬಿಟ್ಟರೆ ಎಂದು ಹೆದರಿಕೆಯಾಯಿತು.

ಇನ್ನು ಸಿನಿಮಾದ ಬಗ್ಗೆ ಬರೆಯುವುದು ಬೇಡ. ನಾನು ನೋಡಿದ್ದಕ್ಕೆ ಬೆಲೆಯಿಲ್ಲ ಎಂದಾದ ಮೇಲೆ ಬರೆದು ಏನು ಮಾಡುವುದು?

ಮಾವ


ಆಸ್ಟಿನ್
೧೫ ಜೂನ್ ೨೦೨೫

ಪ್ರೀತಿಯ ಮಾವ,

ಮೊದಲು ಇದನ್ನು ಓದಿ, ಆಮೇಲೆ ಬೈಯಿರಿ. ಸಿನಿಮಾದಲ್ಲಿ ಕುರ್ಚಿ ಇದೆ. ಗೂಡ್ಸ್ ಆಟೋ ಇದೆ, ಕಾಲಲ್ಲಿ ಒತ್ತುವ ಹುಡುಗ ಇದ್ದಾನೆ, ಮೊಯ್ದೀನನ ಕೆಟಲ್ ಇದೆ. ಕಣ್ಣನ್ ಕೈ ಮುಗಿಯುವುದಿಲ್ಲ.

ನಿಮಗೆ ರೂಮು ಸಿದ್ಧ ಮಾಡಲು ಇಶಾಗೆ ಸಹಾಯ ಮಾಡೋಣ ಎಂದು ನಿನ್ನೆ ಪ್ಲೇನೋದಿಂದ ಇಲ್ಲಿಗೆ ಬಂದೆ. ಮಂಚ ಜೋಡಿಸಿ ಸುಸ್ತಾಗಿ ಕೂತಾಗ ಇಶಾ ಟಿವಿ ಹಾಕಿದಳು. ಬೀಡಿ ಸಿನಿಮಾ ಈ ವಾರವಷ್ಟೇ ಓಟಿಟಿಗೆ ಬಂದಿದೆ. "ಅಪ್ಪ ಅಷ್ಟೊಂದು ಹೇಳ್ತಾರಲ್ಲ, ಏನಿದೆ ನೋಡೇಬಿಡೋಣ" ಅಂದಳು. ನನಗೆ ಇಷ್ಟವಿರಲಿಲ್ಲ, ಅವಳ ಮುಂದೆ ನಿಮ್ಮ ತಪ್ಪು ಹಿಡಿಯಲು ಕೂತ ಹಾಗಾಗುತ್ತದೆ ಎಂದು. ಆದರೂ ನೋಡಿದೆವು. ಮಾಧವಿ ಫೋನ್ ಕೆಳಗಿಟ್ಟಳು. ಈಗ ಆಂಬುಲೆನ್ಸ್ ಬರುತ್ತದೆ ಎಂದು ಕಾದೆ. ಗೂಡ್ಸ್ ಆಟೋ ಬಂತು.

ಇಶಾ ರಿಮೋಟ್ ಒತ್ತಿ ನಿಲ್ಲಿಸಿದಳು. "ನಿರು ಅಕ್ಕ, ಚೇರ್" ಅಂದಳು. ರಿಮೋಟ್ ಕೆಳಗಿಟ್ಟು, "ಅಪ್ಪ ಕೀ ಕೊಡುವಾಗ ನನ್ ಮುಖ ನೋಡ್ಲಿಲ್ಲ" ಎಂದು ಅತ್ತಳು. ನಾನೂ ಅತ್ತೆ. ಆಮೇಲೆ ಪೂರ್ತಿ ನೋಡಿದೆವು.

ಚಿದಾನಂದನಿಗೆ ಅಲ್ಲಿಂದಲೇ ಫೋನ್ ಮಾಡಿದೆ. ನಮ್ಮ ಸಂಘದಲ್ಲಿ ಸಿನಿಮಾ ಹಾಕುವವನು ಅವನು. ಒಂದು ಚೂರೂ ಮುಜುಗರವಿಲ್ಲದೆ ಹೇಳಿದ: "ಅಕ್ಕಾ, ಹಾಲ್ ಒಂಬತ್ತಕ್ಕೆ ಖಾಲಿ ಮಾಡ್ಬೇಕು. ಊಟ, ತಂಬೋಲ ಎಲ್ಲಾ ಆಗ್ಬೇಕಲ್ಲ. ಪ್ರತಿ ಸಿನಿಮಾನೂ ಒಂಚೂರು ಟ್ರಿಮ್ ಮಾಡ್ತೀನಿ. ಕಥೆಗೆ ಏನೂ ತೊಂದ್ರೆ ಆಗದ ಹಾಗೇ ತೆಗೀತೀನಿ. ಅಲ್ಲಿ ಏನೂ ಆಗ್ತಿರ್ಲಿಲ್ಲ ಅಕ್ಕ, ಬರೀ ಚೇರ್ ಹಾಕ್ತಿದ್ರು."

ನಾನು ಸಂಘದವರನ್ನೆಲ್ಲ ಕೇಳಿದ್ದೆ ಮಾವ. ಸಮರ್ಥನನ್ನು, ಪುಟ್ಟಸ್ವಾಮಿ ಅಂಕಲನ್ನು, ನಳಿನಿ ಆಂಟಿಯನ್ನು. ಎಲ್ಲರೂ "ಕುರ್ಚಿನಾ? ಇಲ್ವಲ್ಲ" ಅಂದರು. ಅಷ್ಟು ಜನ ಒಂದೇ ಮಾತು ಹೇಳಿದರೆ ನೀವೇ ತಪ್ಪು ಎಂದುಕೊಂಡೆ. ಅಷ್ಟೂ ಜನ ಒಂದೇ ಹಾಲಿನಲ್ಲಿ, ಒಂದೇ ಕತ್ತರಿಸಿದ ಸಿನಿಮಾ ನೋಡಿದವರು ಎಂದು ಹೊಳೆಯಲೇ ಇಲ್ಲ. ನಾನು ಸಂಯಮ ಎಂದು ಹೊಗಳಿದ್ದು ಚಿದಾನಂದನ ಕತ್ತರಿಯನ್ನು. ಈಗ ನಗಬೇಕು ಅನಿಸುತ್ತದೆ, ಆದರೆ ನಗು ಬರುತ್ತಿಲ್ಲ. ನಿಮ್ಮನ್ನು ಕೇಳದೆ ಇಶಾಗೆ ಹೇಳಿದ್ದು, ನೋಡಿದೆ ಎಂದು ಸುಳ್ಳು ಬರೆದದ್ದು, ನಿಮ್ಮ ಪ್ರಶ್ನೆಗೆ ಉತ್ತರ ಬರೆಯದೆ ಸುಮ್ಮನಿದ್ದದ್ದು, ಇವಕ್ಕೆ ಏನು ಹೇಳಿದರೂ ಸಾಲದು.

ಒಂದೇ ಒಂದು ಕಡೆ ನೀವು ಪೂರ್ತಿ ನೋಡಿಲ್ಲ. ಮಾಧವಿ ಕಣ್ಣನ್ ಹಿಂದೆ ಇಡುವುದು ಯಾವುದೋ ಖಾಲಿ ಕುರ್ಚಿಯಲ್ಲ. ಪಕ್ಕದಲ್ಲೇ ಒಂದು ಖಾಲಿ ಇರುತ್ತದೆ. ಅದನ್ನು ಬಿಟ್ಟು ತಾನು ಕೂತಿದ್ದ ಕುರ್ಚಿಯನ್ನೇ ಎತ್ತಿಕೊಂಡು ಹೋಗುತ್ತಾಳೆ. ಅದಕ್ಕೇ ಅವಳು ಕೊನೆಯವರೆಗೂ ನಿಂತಿರುತ್ತಾಳೆ. ನಾವು ಎರಡು ಸಲ ಹಿಂದಕ್ಕೆ ಹಾಕಿ ನೋಡಿದೆವು. ಆ ಖಾಲಿ ಕುರ್ಚಿಯಲ್ಲಿ ಆಮೇಲೂ ಯಾರೂ ಕೂರುವುದಿಲ್ಲ.

ಇಶಾ ನಿಮ್ಮ ಕಾರು ತೊಳೆಸಿದ್ದಾಳೆ. ನಾಳೆ ಅದನ್ನು ಓಡಿಸಿಕೊಂಡು ನಿಮ್ಮಲ್ಲಿಗೆ ಬರುತ್ತಾಳೆ, ಬಸ್ಸಿನಲ್ಲಿ ವಾಪಸು ಹೋಗುತ್ತಾಳೆ. ಈ ಕಾಗದ ಅವಳ ಕೈಯಲ್ಲೇ ಕಳಿಸುತ್ತಿದ್ದೇನೆ. ಜೋಡಿಸಿದ ಮಂಚ ಇರಲಿ, ನೆಂಟರಿಗಾಗುತ್ತದೆ.

ಸಂಘದವರು ಇದೇ ಇಪ್ಪತ್ತೆಂಟರ ಶನಿವಾರ ಸಿನಿಮಾವನ್ನು ಪೂರ್ತಿಯಾಗಿ ಮತ್ತೆ ಹಾಕುತ್ತಾರೆ. ನಾನು ಜಗಳ ಮಾಡಿ ಒಪ್ಪಿಸಿದ್ದೇನೆ. ಬರುತ್ತೀರಾ?

ನಿಮ್ಮ
ನಿರುಪಮಾ


ಶುಗರ್ ಲ್ಯಾಂಡ್
೨೨ ಜೂನ್ ೨೦೨೫

ಚಿ. ನಿರುಪಮಾ,

ನಿನ್ನ ಕಾಗದವನ್ನು ಇಶಾಳ ಎದುರಿಗೇ ಓದಿದೆ. ಅವಳು ಕೀಯನ್ನು ಊಟದ ಮೇಜಿನ ಮೇಲಿಟ್ಟು ಉಪ್ಪಿನಕಾಯಿ ಬಾಟಲಿಯನ್ನು ಅದಕ್ಕೆ ಅಡ್ಡ ಇಟ್ಟಳು, ಕಾಣದಿರಲಿ ಎಂಬಂತೆ. "ಸಾರಿ ಅಪ್ಪಾ" ಎಂದು ಹೇಳಲು ಬಾಯಿ ತೆರೆದಳು. "ಮೊದಲು ಊಟ ಮಾಡು" ಅಂದೆ. ಹುಳಿ ಚೆನ್ನಾಗಿತ್ತು, ಎರಡು ಸಲ ಬಡಿಸಿಕೊಂಡಳು. ಆಮೇಲೆ ಬಸ್ ಸ್ಟಾಂಡಿಗೆ ನಾನೇ ಡ್ರೈವ್ ಮಾಡಿಕೊಂಡು ಹೋಗಿ ಬಿಟ್ಟೆ. ದಾರಿಯುದ್ದಕ್ಕೂ ಬಾಗಿಲಿನ ಹಿಡಿ ಬಿಡಲಿಲ್ಲ ಅವಳು, ಆದರೆ ಹದಿನಾರು ವರ್ಷದವಳಿದ್ದಾಗಲೂ ನನ್ನ ಡ್ರೈವಿಂಗಿಗೆ ಹಾಗೆಯೇ ಮಾಡುತ್ತಿದ್ದಳು.

ಚಿದಾನಂದನನ್ನು ಬೈಯಬೇಡ. ಏನೂ ಆಗುತ್ತಿಲ್ಲ ಎಂದು ಅವನಿಗೆ ಅನಿಸಿದ ಜಾಗದಲ್ಲಿಯೇ ಸಿನಿಮಾದ ಜೀವ ಇತ್ತು ಎಂದರೆ, ಆ ಸಿನಿಮಾ ಮಾಡಿದವರ ಕಸುಬು ಎಂಥದ್ದೆಂದು ನೋಡು. ಬದುಕು ಹೇಗಿದೆಯೋ ಹಾಗೇ ಇಟ್ಟಿದ್ದಾರೆ, ಅದಕ್ಕೇ ಅವನಿಗೆ ಅದು ಸಿನಿಮಾ ಎಂದು ಕಾಣಲಿಲ್ಲ. ಅವನನ್ನು ನನ್ನ ಪಕ್ಕದಲ್ಲಿ ಕೂರಿಸು, ಊಟದ ಕಡೆ ಓಡದಂತೆ ನಾನು ನೋಡಿಕೊಳ್ಳುತ್ತೇನೆ. ತಂಬೋಲ ಬೇಕಾದರೆ ಮುಂದಿನ ತಿಂಗಳು ಆಡಿಕೊಳ್ಳಲಿ.

ಮಾಧವಿ ತನ್ನದೇ ಕುರ್ಚಿ ಕೊಟ್ಟಳು ಎಂದು ಬರೆದಿದ್ದೀಯಲ್ಲ. ಅದು ನನ್ನ ಕಣ್ಣಿಗೆ ಬಿದ್ದಿರಲಿಲ್ಲ. ಕುರ್ಚಿಯನ್ನೇ ನೋಡುತ್ತಾ ಕೂತೆ, ಎಲ್ಲಿಂದ ಬಂತು ಎಂದು ನೋಡಲಿಲ್ಲ. ನಿನ್ನನ್ನು ಫಿಲಂ ಸೊಸೈಟಿಗೆ ಕರೆದುಕೊಂಡು ಹೋದದ್ದು ದಂಡವಾಗಲಿಲ್ಲ. ಅದನ್ನು ನೋಡಲಾದರೂ ಬರಲೇಬೇಕು. ಶನಿವಾರ ಬೆಳಿಗ್ಗೆ ಹೊರಡುತ್ತೇನೆ, ಹಂಟ್ಸ್‌ವಿಲ್ಲಿನಲ್ಲಿ ಕಾಫಿಗೆ ನಿಲ್ಲಿಸುತ್ತೇನೆ, ಕೊರ್ಸಿಕಾನಾ ದಾಟಿದ ಮೇಲೆ ಫೋನ್ ಮಾಡುತ್ತೇನೆ. ಇಶಾಗೆ ಅಲ್ಲಿಯವರೆಗೆ ಹೇಳಬೇಡ. ಕರಿಬೇವಿನ ಗಿಡವನ್ನು ಕೀಳಲಿಲ್ಲ, ನೆಲದಲ್ಲೇ ಇದೆ. ನಿನಗೆ ಎಲೆ ತರುತ್ತೇನೆ.

ನಿನಗೆ ಹೇಳದ ಒಂದು ಮಾತಿದೆ. ಸುಚೇತಾ ಹೋದ ದಿನ ಬೆಳಿಗ್ಗೆ ಆಸ್ಪತ್ರೆಯ ರೂಮಿನಲ್ಲಿ ನಾನೊಬ್ಬನೇ ಇದ್ದೆ. ಇಶಾ ಕೆಳಗೆ ಕಾಫಿ ತರಲು ಹೋಗಿದ್ದಳು. ಎರಡು ದಿನದಿಂದ ಎಚ್ಚರವಿಲ್ಲದವಳು ಕಣ್ಣು ಬಿಟ್ಟು, ನನ್ನನ್ನು ನೋಡಿ, ನಕ್ಕಳು. ಆಮೇಲೆ ಕಣ್ಣು ಮುಚ್ಚಿದಳು. ಅಂಥ ಸ್ಥಿತಿಯಲ್ಲಿ ಅದು ಆಗುವ ಮಾತಲ್ಲ ಎಂದು ಡಾಕ್ಟರಾಗಿ ನನಗೆ ಗೊತ್ತು. ಅದಕ್ಕೇ ಯಾರಿಗೂ ಹೇಳಲಿಲ್ಲ. ಕುರ್ಚಿ ಇಲ್ಲ ಎಂದು ನೀವೆಲ್ಲ ಹೇಳಿದ ಮೇಲೆ ಈ ಎರಡು ತಿಂಗಳು ನನಗೆ ಮನೆಯದೋ ಕಾರಿನದೋ ಚಿಂತೆ ಇರಲಿಲ್ಲ. ಕುರ್ಚಿಯನ್ನು ನಾನೇ ಹುಟ್ಟಿಸಿಕೊಂಡಿದ್ದರೆ ಆ ನಗುವನ್ನೂ ನಾನೇ ಹುಟ್ಟಿಸಿಕೊಂಡಿರಬೇಕಲ್ಲ ಎಂಬುದೇ ಸಂಕಟವಾಗಿತ್ತು.

ಕುರ್ಚಿ ಇತ್ತು. ಅವಳು ನಕ್ಕಳು, ನಿರುಪಮಾ. ನಾನು ನೋಡಿದೆ.

ನಿನ್ನ ಮಾವ,
ಪ್ರಹ್ಲಾದ